ಭದ್ರಾವತಿ ಕಬ್ಬಿಣದ ಊರಲ್ವಾ? ಅದಕ್ಕೂ ಮಲೆನಾಡಿನ ಮರಕ್ಕೂ ಏನು ಸಂಬಂಧ?

ಬಹಳ ಹತ್ತಿರದ ಸಂಬಂಧ. 1918ರಲ್ಲಿ ಮೈಸೂರು ಸಂಸ್ಥಾನ ಇಲ್ಲಿ ಕಾರ್ಖಾನೆ ಕಟ್ಟಲು ಹೊರಟಾಗ ಅದಿರಿಗೆ ಕೆಮ್ಮಣ್ಣುಗುಂಡಿ ಇತ್ತು, ನೀರಿಗೆ ಭದ್ರಾ ನದಿ ಇತ್ತು. ಕಲ್ಲಿದ್ದಲು ಮಾತ್ರ ಹತ್ತಿರದಲ್ಲೆಲ್ಲೂ ಇರಲಿಲ್ಲ. ಹಾಗಾಗಿ ಸುತ್ತಲ ಕಾಡಿನ ಮರವನ್ನೇ ಇದ್ದಿಲು ಮಾಡಿ 1923ರಲ್ಲಿ ಕುಲುಮೆ ಹೊತ್ತಿಸಿದರು.

ಇದ್ದಿಲು ಸುಡುವುದು ಅಂದರೆ ಸುಮ್ನೆ ಗುಂಡಿಯಲ್ಲಿ ಬೆಂಕಿ ಹಾಕಿದ್ದಲ್ಲ. ಮರದ ತುಂಡುಗಳನ್ನು ಗಾಳಿಯಾಡದ ಕಬ್ಬಿಣದ ಕೋಣೆಯಲ್ಲಿ ಕಾಯಿಸುತ್ತಿದ್ದರು. ಒಳಗೆ ಇದ್ದಿಲು ಉಳಿಯುತ್ತಿತ್ತು. ಹೊರಬಂದ ಹೊಗೆಯನ್ನೂ ಬಿಡದೆ ತಣಿಸಿ ಟಾರು, ಮೆಥನಾಲ್ ತೆಗೆಯುತ್ತಿದ್ದರು. ಜಾಣತನವೇ, ಆದರೆ ಕಾಡು ತೆತ್ತ ಬೆಲೆ ಸಣ್ಣದಲ್ಲ. 1930ರ ದಶಕದಲ್ಲಿ ಕಾಗದದ ಕಾರ್ಖಾನೆಯೂ ಬಂತು, ಅದಕ್ಕೆ ಬಿದಿರು ಬೇಕಾಯ್ತು. ಆಮೇಲೆ ನೀಲಗಿರಿ, ಅಕೇಶಿಯಾ ನೆಡುತೋಪುಗಳು ಎದ್ದವು.

ಊರಿನ ಬದುಕೂ ಇವುಗಳ ಸುತ್ತಲೇ ಬೆಳೆಯಿತು. ಹೊಳೆಯ ಒಂದು ದಡದಲ್ಲಿ ಹೊಯ್ಸಳರ ಲಕ್ಷ್ಮೀನರಸಿಂಹ ದೇವಸ್ಥಾನದ ಹಳೇನಗರ, ಇನ್ನೊಂದು ಕಡೆ ನ್ಯೂಟೌನ್, ಪೇಪರ್‌ಟೌನ್ ಕ್ವಾರ್ಟರ್ಸ್. ಕೆಲಸ ಹುಡುಕಿ ಬಂದ ತಮಿಳರು, ತೆಲುಗರು ಇಲ್ಲೇ ನೆಲೆ ನಿಂತರು. ಒಂದೇ ಬೀದಿಯಲ್ಲಿ ಮೂರ್ನಾಲ್ಕು ಭಾಷೆ ಕೇಳಿಸುವುದು ಇಲ್ಲಿ ಮಾಮೂಲು.