ಗುಡುಗಿಗೆ ಹತ್ತು ಹೆಸರು

ಪ್ರಶ್ನೆ: ನಮ್ಮದು ಶಿರಸಿ ಕಡೆಯ ಹಳ್ಳಿ. ಮಗಳಿಗೆ ನಾಲ್ಕೂವರೆ ವರ್ಷ. ಕಳೆದ ಮೇ ತಿಂಗಳಲ್ಲಿ ಮನೆ ಹಿಂದಿನ ತೆಂಗಿನ ಮರಕ್ಕೆ ಸಿಡಿಲು ಬಡಿಯಿತು. ಅವತ್ತಿನಿಂದ ಮೋಡ ಕಪ್ಪಾದರೆ ಸಾಕು, ಅಳು ಶುರು. ಅಂಗನವಾಡಿಗೂ ಹೋಗುವುದಿಲ್ಲ. "ಏನೂ ಆಗಲ್ಲ" ಅಂತ ಎಷ್ಟು ಹೇಳಿದರೂ ಕೇಳಲ್ಲ. ಅಜ್ಜ ಬೇರೆ "ಪುಕ್ಕಲಿ" ಅಂತ ಛೇಡಿಸುತ್ತಾರೆ. ಏನು ಮಾಡಲಿ?
– ಒಬ್ಬ ತಾಯಿ

ಉತ್ತರ: ಏನೂ ಆಗಲ್ಲ ಅಂದರೆ ಹೇಗೆ ನಂಬುತ್ತಾಳೆ ಹೇಳಿ? ಸುಟ್ಟ ಮರ ಹಿತ್ತಲಲ್ಲೇ ನಿಂತಿದೆಯಲ್ಲ! "ಹೌದು ಪುಟ್ಟಿ, ಅವತ್ತು ನನ್ನ ಎದೆಯೂ ಧಸಕ್ ಅಂತು" ಅಂತ ಮೊದಲು ಒಪ್ಪಿಕೊಳ್ಳಿ. ಅವಳ ಅರ್ಧ ಭಯ ಒಬ್ಬಂಟಿತನದ್ದು.

ಆಮೇಲೆ ಅವಳಿಗೊಂದು ಕೆಲಸ ಕೊಡಿ. ಮೋಡ ಕಟ್ಟಿದ ಕೂಡಲೇ "ಅಮ್ಮಾ, ಟೀವಿ ಪ್ಲಗ್ ತೆಗಿ" ಅಂತ ನೆನಪಿಸುವುದು ಅವಳ ಜವಾಬ್ದಾರಿ. ತೆಗೆಯುವುದು ನೀವು.

ನಾವು ಚಿಕ್ಕವರಿದ್ದಾಗ ಗುಡುಗು ಶುರುವಾದರೆ ಅಜ್ಜಿ ನಮ್ಮನ್ನು ಒಳಕೋಣೆಗೆ ಎಳೆದು, ಕಂಬಳಿ ಹೊದೆಸಿ "ಅರ್ಜುನ, ಫಲ್ಗುಣ, ಪಾರ್ಥ, ಕಿರೀಟಿ..." ಅಂತ ಹತ್ತೂ ಹೆಸರು ಹೇಳಿಸುತ್ತಿದ್ದರು. ಗುಡುಗು ಅರ್ಜುನನ ಮಾತು ಕೇಳುತ್ತೋ ಇಲ್ಲವೋ, ಆ ವಾದಕ್ಕೆ ನಾನಿಲ್ಲ. ಆದರೆ ಮೂವತ್ತು ವರ್ಷ ಶಿಶುವಿಹಾರದಲ್ಲಿ ಪಾಠ ಮಾಡಿದ ಮೇಲೆ ಅಜ್ಜಿಯ ಗುಟ್ಟು ಗೊತ್ತಾಯಿತು. ಬಾಯಿಗೆ ಕೆಲಸ ಸಿಕ್ಕಿತು, ಉಸಿರು ಉದ್ದವಾಯಿತು, ಮೈಗೆ ಅಜ್ಜಿಯ ಮೈ ತಾಗಿತು. ನಿಮ್ಮ ಮಾವನವರಿಗೆ ಈ ಕೆಲಸ ವಹಿಸಿ. ಛೇಡಿಸಲು ಪುರುಸೊತ್ತೇ ಇರುವುದಿಲ್ಲ!

ಇನ್ನೊಂದು ಆಟ ಎಣಿಕೆಯದು. ಒಳಗೇ ಕೂತು, ಮಿಂಚು ಕಂಡ ತಕ್ಷಣ ನಿಧಾನಕ್ಕೆ ಒಂದು, ಎರಡು, ಮೂರು ಅಂತ ಎಣಿಸಿ. ಶಬ್ದ ಒಂದು ಕಿಲೋಮೀಟರ್ ಬರಲು ಸುಮಾರು 3 ಸೆಕೆಂಡ್ ಬೇಕು. ಒಂಬತ್ತಕ್ಕೆ ಗುಡುಗು ಕೇಳಿದರೆ ಮಿಂಚು ಮೂರು ಕಿಲೋಮೀಟರ್ ಆಚೆ. ಅವಳಿಗೆ ಕಿಲೋಮೀಟರ್ ಲೆಕ್ಕ ಬೇಡ, "ಇನ್ನೂ ಪಕ್ಕದೂರಲ್ಲಿದೆ" ಅಂದರೆ ಸಾಕು. ಹತ್ತಿರ ಬಂದಾಗ ಸುಳ್ಳು ಮಾತ್ರ ಹೇಳಬೇಡಿ.

ಅಂದ ಹಾಗೆ, ಊಟ ಮಾಡಿಸುವಾಗ ಗುಮ್ಮನನ್ನು ಕರೆಯುವ ಅಭ್ಯಾಸ ಇದ್ದರೆ ಸದ್ಯಕ್ಕೆ ಬಿಡಿ.

ಅಂಗನವಾಡಿಗೆ ಬಿಸಿಲಿದ್ದ ದಿನ ಬಿಡದೆ ಕಳಿಸಿ. ಮೊದಲ ಒಂದೆರಡು ದಿನ ಅರ್ಧ ಗಂಟೆ ಜೊತೆಗೇ ಕೂತುಬನ್ನಿ. ಇಷ್ಟಾದರೂ ನಿದ್ದೆ, ಊಟ ಬಿಟ್ಟು ವಾರಗಟ್ಟಲೆ ಕಂಗಾಲಾಗಿದ್ದರೆ ಮಕ್ಕಳ ಡಾಕ್ಟರಿಗೆ ತೋರಿಸಿ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಕನ್ನಡದಲ್ಲೇ ಮಾತಾಡಬಹುದು, ದುಡ್ಡಿಲ್ಲ.

ಹತ್ತು ಹೆಸರಲ್ಲಿ "ಬೀಭತ್ಸು" ಅವಳ ಬಾಯಲ್ಲಿ ಏನಾಯಿತು ಅಂತ ಬರೆಯಿರಿ. ನನ್ನ ಮೊಮ್ಮಗ "ಬೀಬಿ ಬತ್ತು" ಅನ್ನುತ್ತಿದ್ದ.