ಸಮುದ್ರದ ಪಕ್ಕದ ಗುಡ್ಡದಿಂದ ಸಿಹಿನೀರು ಬರೋದು ಹೇಗೆ?

ಪ್ರಶ್ನೆ: ಕೇರಳದ ವರ್ಕಲಾಗೆ ಹೋಗಿದ್ವಿ. ಬೀಚಿಗೆ ಅಂಟಿಕೊಂಡೇ ಕೆಂಪು ಗುಡ್ಡ ಗೋಡೆ ತರ ನಿಂತಿದೆ, ಅದರ ನಡುವಿಂದ ನೀರು ಜಿನುಗ್ತಾ ಇತ್ತು, ರುಚಿ ನೋಡಿದ್ರೆ ಉಪ್ಪೇ ಇಲ್ಲ! ಇದೂ ಮಲ್ಪೆಯ ಸೇಂಟ್ ಮೇರೀಸ್ ದ್ವೀಪದ ಹಾಗೆ ಲಾವಾದಿಂದ ಆಗಿದ್ದಾ?

ಉತ್ತರ: ಇಲ್ಲ, ಎರಡಕ್ಕೂ ಸಂಬಂಧ ಇಲ್ಲ. ಸೇಂಟ್ ಮೇರೀಸ್ ದ್ವೀಪದ ಕಲ್ಲಿನ ಕಂಬಗಳು ಸುಮಾರು 8.8 ಕೋಟಿ ವರ್ಷದ ಹಿಂದೆ ಮಡಗಾಸ್ಕರ್ ನಮ್ಮಿಂದ ಬೇರೆಯಾಗೋ ಕಾಲದ ಲಾವಾ. ವರ್ಕಲಾದ್ದು ಮರಳು, ಜೇಡಿ ಪದರ ಪದರವಾಗಿ ಕೂತು ಆಗಿದ್ದು, ವಯಸ್ಸಲ್ಲೂ ತುಂಬಾ ಚಿಕ್ಕದು, ಮಯೋಸೀನ್-ಪ್ಲಯೋಸೀನ್ ಕಾಲದ್ದು, ಅಂದ್ರೆ ಸುಮಾರು 2.3 ಕೋಟಿಯಿಂದ 26 ಲಕ್ಷ ವರ್ಷದ ಹಿಂದಿನ ನಡುವಿನ ಅವಧಿ. ಭೂವಿಜ್ಞಾನಿಗಳು ಈ ಪದರಗಳಿಗೆ ಊರಿನ ಹೆಸರನ್ನೇ ಇಟ್ಟು ವರ್ಕಲ್ಲಿ ಫಾರ್ಮೇಶನ್ ಅಂತಾರೆ.

ಮುಂದಿನ ಸಲ ಹೋದಾಗ ಗೋಡೇನ ಮೇಲಿಂದ ಕೆಳಗೆ ನಿಧಾನವಾಗಿ ನೋಡಿ. ತಲೆಮೇಲೆ ತೂತು ತೂತಾದ ಮುರಕಲ್ಲು, ಅದರ ಕೆಳಗೆ ಬೆರಳಲ್ಲಿ ಉಜ್ಜಿದ್ರೆ ಉದುರಿಹೋಗೋ ಮೆದು ಮರಳುಗಲ್ಲು, ನಡುನಡುವೆ ಬಿಳಿ, ಬೂದಿ ಬಣ್ಣದ ಜೇಡಿ, ಕೆಲವು ಕಡೆ ಕಪ್ಪು ಪಟ್ಟಿ ಕಾಣುತ್ತೆ, ಅದು ಲಿಗ್ನೈಟ್, ಅಂದ್ರೆ ಜೌಗಿನಲ್ಲಿ ಹೂತುಹೋದ ಗಿಡಮರ. ಆ ಕಪ್ಪು ಪಟ್ಟಿ ನನಗೆ ತುಂಬಾ ಇಷ್ಟ, ಯಾಕಂದ್ರೆ ಈಗ ಅಲೆ ಬಡಿಯೋ ಜಾಗದಲ್ಲಿ ಒಂದು ಕಾಲಕ್ಕೆ ನಿಂತ ನೀರು, ಕೊಳೆತ ಎಲೆ ಇತ್ತು ಅನ್ನೋದು ಅದನ್ನ ನೋಡಿದ್ರೇನೇ ಗೊತ್ತಾಗೋದು.

ಇನ್ನು ನೀರಿನ ವಿಷಯ. ಮಳೆನೀರು ಮುರಕಲ್ಲು, ಮರಳಿನ ಮೂಲಕ ಸಲೀಸಾಗಿ ಇಳಿಯುತ್ತೆ, ಆದ್ರೆ ಜೇಡಿ ಅದನ್ನ ಕೆಳಗೆ ಬಿಡಲ್ಲ, ಹಾಗಾಗಿ ಅದರ ಮೇಲೇ ಅಡ್ಡಕ್ಕೆ ಹರಿದು ಗುಡ್ಡ ಕಡಿದುಹೋಗಿರೋ ಮುಖದಲ್ಲಿ ಒರತೆಯಾಗಿ ಹೊರಗೆ ಬರುತ್ತೆ. ಒರತೆ ಇರೋದು ಸಮುದ್ರಮಟ್ಟಕ್ಕಿಂತ ಮೇಲೆ, ಬರೋದು ಮಳೆನೀರು, ಮತ್ತೆ ಉಪ್ಪು ಎಲ್ಲಿಂದ?

ಗುಡ್ಡ ಕುಸಿಯೋಕೂ ಈ ನೀರು ಒಂದು ಕಾರಣ ಅನ್ನೋದೇ ಬೇಜಾರು. ಅದು ಹೊರಗೆ ಬರುವಾಗ ಮರಳಿನ ಕಣಗಳನ್ನೂ ಎಳ್ಕೊಂಡು ಬರುತ್ತೆ, ನೆನೆದ ಜೇಡಿ ಮೆತ್ತಗಾಗುತ್ತೆ, ಬುಡದಲ್ಲಿ ಅಲೆ ಕೊರೀತಾ ಇರುತ್ತೆ, ಆಮೇಲೆ ಆಧಾರ ತಪ್ಪಿದ ಮುರಕಲ್ಲು ದೊಡ್ಡ ದೊಡ್ಡ ತುಂಡಾಗಿ ಬೀಳುತ್ತೆ. ಬುಡದಲ್ಲಿ ಬಿದ್ದಿರೋ ಆ ಕೆಂಪು ಬಂಡೆಗಳನ್ನ ನೀವೂ ನೋಡಿರ್ತೀರಿ. ಮಳೆಗಾಲದಲ್ಲಿ ದಯವಿಟ್ಟು ಅದರ ನೆರಳಲ್ಲಿ ಕೂರಬೇಡಿ, ಮೇಲೆ ಅಂಚಿಗೂ ಹೋಗಬೇಡಿ.

ಅಂದಹಾಗೆ, 2025ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆ ತಾಣಗಳ ತಾತ್ಕಾಲಿಕ ಪಟ್ಟಿಗೆ ವರ್ಕಲಾ ಸೇರಿತು, ನೀವು ಕೇಳಿದ ಸೇಂಟ್ ಮೇರೀಸ್ ದ್ವೀಪಗಳೂ ಅದರ ಜೊತೆಗೇ ಸೇರಿದವು.