ಓಟದ ಕಾರ್ಯಕ್ರಮಕ್ಕೆ ಕಂಪನಿಗಳಿಂದ ಸಿಎಸ್‌ಆರ್ ಹಣ ಕೇಳಬಹುದಾ?

ಸರ್ಕಾರಿ ಶಾಲೆಯ ಗ್ರಂಥಾಲಯಕ್ಕೆ ಹಣ ಕೂಡಿಸಲು ನಿಮ್ಮ ಟ್ರಸ್ಟ್ ಓಟ ನಡೆಸುತ್ತಿದೆ, ಅಲ್ವಾ? ಸಿಎಸ್‌ಆರ್ ಅಂದರೆ ಕಂಪನಿಗಳು ಕಾನೂನಿನ ಪ್ರಕಾರ ಸಮಾಜದ ಕೆಲಸಕ್ಕೆ ಖರ್ಚು ಮಾಡುವ ಹಣ. ಅದನ್ನು ಗ್ರಂಥಾಲಯಕ್ಕೆ ಕೇಳಿ, ಓಟಕ್ಕೆ ಬೇಡ. ಮ್ಯಾರಥಾನ್‌ನಂಥ ಒಂದೇ ದಿನದ ಕಾರ್ಯಕ್ರಮದ ಖರ್ಚು ಸಿಎಸ್‌ಆರ್ ಲೆಕ್ಕಕ್ಕೆ ಬರುವುದಿಲ್ಲ ಎಂದು ಕೇಂದ್ರ ಸರ್ಕಾರ 2014ರಲ್ಲೇ ಹೇಳಿದೆ. ಶಾಮಿಯಾನ, ಟೀ ಶರ್ಟ್, ನೀರಿನ ಬಾಟಲಿಗೆ ಕಂಪನಿಯ ಮಾರ್ಕೆಟಿಂಗ್ ವಿಭಾಗವನ್ನೋ ಊರಿನ ಅಂಗಡಿಯವರನ್ನೋ ಹಿಡಿಯಿರಿ. ಬ್ಯಾನರ್‌ನಲ್ಲಿ ಹೆಸರು ಬಂದರೆ ಅವರಿಗೂ ಖುಷಿ.

ಸಿಎಸ್‌ಆರ್‌ಗೆ ಕಾಗದಪತ್ರ ಜಾಸ್ತಿ. ಎಲ್ಲರೂ 12ಎ, 80ಜಿ ಅನ್ನುವ ಆದಾಯ ತೆರಿಗೆ ನೋಂದಣಿ ಬೇಕು. ಅದೇ ಬಗೆಯ ಕೆಲಸದಲ್ಲಿ ಕನಿಷ್ಠ 3 ವರ್ಷದ ಅನುಭವ ತೋರಿಸಬೇಕು. 2021ರ ಏಪ್ರಿಲ್‌ನಿಂದ, ಸಿಎಸ್‌ಆರ್-1 ಎಂಬ ಅರ್ಜಿಯನ್ನು ಕೇಂದ್ರ ಸರ್ಕಾರಕ್ಕೆ ಸಲ್ಲಿಸಿ ಪಡೆಯುವ ನೋಂದಣಿ ಸಂಖ್ಯೆಯೂ ಕಡ್ಡಾಯ. ಇದಿಲ್ಲದೆ ಮನಸ್ಸಿದ್ದವರೂ ಕೊಡಲಾರರು, ಹಾಗಾಗಿ ಮೊದಲು ಇದನ್ನೇ ಮಾಡಿಸಿ.

ಪತ್ರ ಒಂದೇ ಪುಟವಿರಲಿ. ‘ಕೈಲಾದ ಸಹಾಯ ಮಾಡಿ’ ಅಂತ ಸುಮ್ನೆ ಬರೆಯಬೇಡಿ. ‘ಎರಡು ಕಬ್ಬಿಣದ ಬೀರು, 300 ಕನ್ನಡ ಪುಸ್ತಕ, 40 ಮಕ್ಕಳು ಕೂರುವಷ್ಟು ಚಾಪೆ’ ಎಂದು ಬರೆದು, ಎದುರಿಗೆ ದರ ಹಾಕಿ. ಓದಿದವರ ಕಣ್ಣಮುಂದೆ ಆ ಕೋಣೆ ಬರುತ್ತದೆ. ಹತ್ತು ದಿನ ಬಿಟ್ಟು ಫೋನ್ ಮಾಡಿ. ಹಣ ಬಂದರೆ ಬಿಲ್ಲುಗಳನ್ನೂ ಮಕ್ಕಳು ಓದುತ್ತಿರುವ ಒಂದು ಫೋಟೋವನ್ನೂ ತಪ್ಪದೆ ಕಳಿಸಿ.